ಮೈಸೂರು ಪ್ರಜಾಪ್ರತಿನಿಧಿ ಸಭೆ

'''ಮೈಸೂರು ಪ್ರಜಾಪ್ರತಿನಿಧಿ ಸಭೆ'''ಯು ಹಿಂದಿನ ಮೈಸೂರು ಸಂಸ್ಥಾನದಲ್ಲಿ 1881ರಿಂದ 1949ರವರೆಗೆ ಅಸ್ತಿತ್ವದಲ್ಲಿದ್ದ ಜನಪ್ರತಿನಿಧಿ ಸಂಸ್ಥೆ. ದಿವಾನ್ ಸಿ. ರಂಗಾಚಾರ್ಲು ಅವರ ಸಲಹೆಯಂತೆ ಹತ್ತನೆಯ ಚಾಮರಾಜೇಂದ್ರ ಒಡೆಯರ್ ಅವರ ಆಳ್ವಿಕೆಯಲ್ಲಿ ಇದು ಸ್ಥಾಪಿತವಾಯಿತು. ಭಾರತದ ದೇಶೀಯ ಸಂಸ್ಥಾನಗಳಲ್ಲಿ ಈ ಬಗೆಯ ಸಭೆಗಳಲ್ಲಿ ಇದೇ ಮೊದಲನೆಯದು. ಪ್ರಜೆಗಳ ಅಹವಾಲನ್ನು ಸರ್ಕಾರದ ಮುಂದಿಡುವ ವೇದಿಕೆಯಾಗಿ ಆರಂಭವಾದ ಈ ಸಭೆಗೆ ಕಾಲಕ್ರಮದಲ್ಲಿ ಚುನಾವಣೆ, ಪ್ರಶ್ನೆ ಕೇಳುವ ಅವಕಾಶ ಮತ್ತು ಶಾಸನಬದ್ಧ ಸ್ಥಾನಮಾನಗಳು ದೊರೆತವು. ಆದರೆ ಸರ್ಕಾರವನ್ನು ರಚಿಸುವ ಅಥವಾ ಇಳಿಸುವ ಅಧಿಕಾರ ಇದಕ್ಕೆ ಎಂದೂ ಇರಲಿಲ್ಲ.

== ಹಿನ್ನೆಲೆ ==

1831ರಲ್ಲಿ ಬ್ರಿಟಿಷರು ಮುಮ್ಮಡಿ ಕೃಷ್ಣರಾಜ ಒಡೆಯರ್ ಅವರಿಂದ ಆಡಳಿತವನ್ನು ವಹಿಸಿಕೊಂಡರು. ಮುಂದಿನ ಐವತ್ತು ವರ್ಷ ಮೈಸೂರು ಕಮಿಷನರುಗಳ ಆಡಳಿತದಲ್ಲಿತ್ತು. 1881ರ ಮಾರ್ಚ್ 25ರಂದು ರಾಜ್ಯವು ಮರಳಿ ಒಡೆಯರ ವಂಶಕ್ಕೆ ಸೇರಿತು. ಕಮಿಷನರ ಆಡಳಿತದ ಅವಧಿಯಲ್ಲಿಯೇ ಹಿರಿಯ ಅಧಿಕಾರಿಯಾಗಿದ್ದ ರಂಗಾಚಾರ್ಲು ಹೊಸ ಆಡಳಿತದ ಮೊದಲ ದಿವಾನರಾದರು.

ಹಸ್ತಾಂತರವಾದಾಗ ರಾಜ್ಯದ ಸ್ಥಿತಿ ಕಠಿಣವಾಗಿತ್ತು. 1876–78ರ ಮಹಾಕ್ಷಾಮವು ಹಳ್ಳಿಗಳನ್ನು ಬರಿದುಮಾಡಿತ್ತು. 1871ರ ಜನಗಣತಿಯಲ್ಲಿ ಸುಮಾರು 50 ಲಕ್ಷವಿದ್ದ ಜನಸಂಖ್ಯೆ 1881ರ ವೇಳೆಗೆ ಸುಮಾರು 42 ಲಕ್ಷಕ್ಕೆ ಇಳಿದಿತ್ತು. ಕ್ಷಾಮಕಾಲದ ಸಾಲದ ಹೊರೆಯೂ ಇತ್ತು, ಬ್ರಿಟಿಷ್ ಸರ್ಕಾರಕ್ಕೆ ಪ್ರತಿವರ್ಷ ಪೊಗದಿಯನ್ನೂ ಸಲ್ಲಿಸಬೇಕಾಗಿತ್ತು. ವೆಚ್ಚವನ್ನು ಕಡಿತಗೊಳಿಸುತ್ತಲೇ ಕೆರೆ, ರಸ್ತೆ ಮತ್ತು ರೈಲುಮಾರ್ಗಗಳ ಕೆಲಸವನ್ನು ಮುಂದುವರಿಸಬೇಕಾಗಿದ್ದ ಸರ್ಕಾರಕ್ಕೆ ರೈತರ ವಿಶ್ವಾಸ ಅತ್ಯಗತ್ಯವಾಗಿತ್ತು.

== ಸ್ಥಾಪನೆ ==

ಸಭೆಯನ್ನು ಸ್ಥಾಪಿಸುವ ಆಜ್ಞೆ 1881ರ ಆಗಸ್ಟ್ 25ರಂದು ಹೊರಟಿತು. ಸರ್ಕಾರದ ಉದ್ದೇಶಗಳನ್ನು ಪ್ರಜೆಗಳಿಗೆ ತಿಳಿಸುವುದು, ಸರ್ಕಾರದ ಹಿತವೂ ಪ್ರಜೆಗಳ ಹಿತವೂ ಒಂದೇ ಎಂಬ ಭಾವನೆಯನ್ನು ಬೆಳೆಸುವುದು ಇದರ ಗುರಿಯಾಗಿತ್ತು. ಪ್ರತಿ ತಾಲ್ಲೂಕಿನಿಂದ ತಿಳಿವಳಿಕೆಯೂ ಜನರ ಮನ್ನಣೆಯೂ ಉಳ್ಳ ಒಬ್ಬರು ಅಥವಾ ಇಬ್ಬರು ಬೇಸಾಯಗಾರರನ್ನು ಮತ್ತು ಕೆಲವು ಪ್ರಮುಖ ವರ್ತಕರನ್ನು ಆಯ್ದು ಕಳುಹಿಸಬೇಕೆಂದು ಗೊತ್ತುಪಡಿಸಲಾಯಿತು.

ಮೊದಲ ಅಧಿವೇಶನವು 1881ರ ಅಕ್ಟೋಬರ್ 7ರಂದು ದಸರಾ ಸಂದರ್ಭದಲ್ಲಿ ಮೈಸೂರಿನಲ್ಲಿ ನಡೆಯಿತು. ಅದಕ್ಕೆ ಆಹ್ವಾನಿತರಾದ 144 ಸದಸ್ಯರೂ ನಾಮನಿರ್ದೇಶಿತರು. ಬೆಂಗಳೂರು–ಮೈಸೂರು ರೈಲುಮಾರ್ಗ ಪೂರ್ಣಗೊಂಡದ್ದು 1882ರಲ್ಲಿ. ಆದ್ದರಿಂದ ದೊಡ್ಡಬಳ್ಳಾಪುರದಂತಹ ಉತ್ತರದ ತಾಲ್ಲೂಕುಗಳ ಪ್ರತಿನಿಧಿಗಳು ಮೊದಲ ಅಧಿವೇಶನಕ್ಕೆ ಹೋಗಲು ದಾರಿಯ ಒಂದು ಭಾಗವನ್ನಾದರೂ ಗಾಡಿಯಲ್ಲಿಯೋ ಕಾಲ್ನಡಿಗೆಯಲ್ಲಿಯೋ ಕ್ರಮಿಸಬೇಕಾಗಿತ್ತು.

ಆ ಕಾಲದ ಇತರ ಸಂಸ್ಥೆಗಳೊಡನೆ ಹೋಲಿಸಿದಾಗ ಈ ಸಭೆಯ ಹೊಸತನ ಸ್ಪಷ್ಟವಾಗುತ್ತದೆ. ಭಾರತೀಯ ರಾಷ್ಟ್ರೀಯ ಕಾಂಗ್ರೆಸ್ ಹುಟ್ಟಿದ್ದು 1885ರಲ್ಲಿ. ತಿರುವಾಂಕೂರಿನ ಶಾಸನ ಪರಿಷತ್ತು 1888ರಲ್ಲಿಯೂ ಅಲ್ಲಿಯ ಶ್ರೀಮೂಲಂ ಪ್ರಜಾಸಭೆ 1904ರಲ್ಲಿಯೂ ರಚಿತವಾದವು. ಜಪಾನಿನ ಸಂಸತ್ತು ಮೊದಲು ಸೇರಿದ್ದು 1890ರಲ್ಲಿ. ಬ್ರಿಟಿಷ್ ಭಾರತದ ಶಾಸನ ಪರಿಷತ್ತುಗಳಲ್ಲಿ 1881ರಲ್ಲಿ ಚುನಾಯಿತ ಸದಸ್ಯರಾರೂ ಇರಲಿಲ್ಲ. ಆದರೆ ಜಪಾನಿನ ಸಂಸತ್ತಿಗೆ ಶಾಸನಗಳಿಗೆ ಒಪ್ಪಿಗೆ ಕೊಡುವ ಅಥವಾ ನಿರಾಕರಿಸುವ ಅಧಿಕಾರವಿತ್ತು. ಮೈಸೂರಿನ ಸಭೆಗೆ ಅದು ಇರಲಿಲ್ಲ.

== ಸದಸ್ಯತ್ವ ಮತ್ತು ಚುನಾವಣೆ ==

ರಂಗಾಚಾರ್ಲು ಅವರು 1883ರ ಜನವರಿಯಲ್ಲಿ ನಿಧನರಾದರು. ಅವರ ಉತ್ತರಾಧಿಕಾರಿ ಕೆ. ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಸದಸ್ಯತ್ವದ ನಿಯಮಗಳು ಖಚಿತವಾದವು. 1887ರಲ್ಲಿ ಆಸ್ತಿಯ ಅರ್ಹತೆಯನ್ನು ನಿಗದಿಪಡಿಸಲಾಯಿತು. 1891ರಲ್ಲಿ ಚುನಾವಣೆಯ ಪದ್ಧತಿ ಜಾರಿಗೆ ಬಂದಿತು. ನಿಗದಿತ ಮೊತ್ತದ ಕಂದಾಯವನ್ನು ಅಥವಾ ಮೊಹತರ್ಫ ಎಂಬ ವೃತ್ತಿತೆರಿಗೆಯನ್ನು ಸಲ್ಲಿಸುವವರಿಗೆ ಮತದ ಹಕ್ಕು ದೊರೆಯಿತು.

ಇದರಿಂದ ಪ್ರತಿನಿಧಿಗಳು ಅಧಿಕಾರಿಗಳ ಆಯ್ಕೆಯಿಂದ ಬಿಡುಗಡೆ ಹೊಂದಿದರೂ ಸಭೆಯ ಬಾಗಿಲು ಎಲ್ಲರಿಗೂ ತೆರೆಯಲಿಲ್ಲ. ಸಣ್ಣ ಹಿಡುವಳಿದಾರರು, ಗೇಣಿದಾರರು, ಕೂಲಿಕಾರರು ಮತ್ತು ಅಸ್ಪೃಶ್ಯರೆಂದು ದೂರವಿಡಲ್ಪಟ್ಟ ಜಾತಿಗಳವರು ಬಹುತೇಕ ಮತದಾರರ ಪಟ್ಟಿಯ ಹೊರಗೇ ಉಳಿದರು. ಕ್ಷಾಮದಲ್ಲಿ ಅತಿ ಹೆಚ್ಚು ನೊಂದವರು ಇವರೇ. 1917ರಲ್ಲಿ ಸ್ಥಾಪಿತವಾದ ಪ್ರಜಾಮಿತ್ರ ಮಂಡಳಿಯು ಬ್ರಾಹ್ಮಣೇತರರಿಗೆ ಪ್ರಾತಿನಿಧ್ಯವೂ ಸರ್ಕಾರಿ ಹುದ್ದೆಗಳೂ ಬೇಕೆಂದು ಒತ್ತಾಯಿಸಿತು. ಇದರ ಮುಂದುವರಿಕೆಯಾಗಿ ಹಿಂದುಳಿದ ವರ್ಗಗಳ ಪ್ರಶ್ನೆಯನ್ನು ಪರಿಶೀಲಿಸಲು ಲೆಸ್ಲಿ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಸಮಿತಿ ನೇಮಕವಾಯಿತು.

== ಕಾರ್ಯವಿಧಾನ ==

ಸಭೆಯ ಅಧ್ಯಕ್ಷತೆಯನ್ನು ದಿವಾನರೇ ವಹಿಸುತ್ತಿದ್ದರು. ಅಧಿವೇಶನದ ಆರಂಭದಲ್ಲಿ ಅವರು ಹಿಂದಿನ ವರ್ಷದ ಆದಾಯ, ವೆಚ್ಚ, ಮಳೆ-ಬೆಳೆ, ನೀರಾವರಿ, ರೈಲುಮಾರ್ಗ, ಶಿಕ್ಷಣ ಮೊದಲಾದ ವಿಷಯಗಳ ವರದಿಯನ್ನು ಮಂಡಿಸುತ್ತಿದ್ದರು. ಬಳಿಕ ಸದಸ್ಯರು ತಮ್ಮ ತಾಲ್ಲೂಕುಗಳ ಅಹವಾಲುಗಳನ್ನು ಮುಂದಿಡುತ್ತಿದ್ದರು. ಕಂದಾಯ, ಕೆರೆಗಳ ದುರಸ್ತಿ, ರಸ್ತೆ, ಕಾಡಿನ ಸೊಪ್ಪು-ಸೌದೆ ಮತ್ತು ದನ ಮೇಯಿಸುವ ಹಕ್ಕು, ಶಾಲೆ ಮುಂತಾದವು ಅವುಗಳಲ್ಲಿ ಸೇರಿದ್ದವು. ಆಡಳಿತದ ಲೆಕ್ಕಪತ್ರವು ಪ್ರಜೆಗಳ ಎದುರಿನಲ್ಲಿ ವರ್ಷವರ್ಷವೂ ಮಂಡಿತವಾಗುತ್ತಿದ್ದುದು ಈ ಪದ್ಧತಿಯ ದೊಡ್ಡ ಗಳಿಕೆ.

ಸಾಮಾಜಿಕ ಶಾಸನಗಳೂ ಇಲ್ಲಿ ಚರ್ಚೆಗೆ ಬಂದವು. ಎಂಟು ವರ್ಷಕ್ಕಿಂತ ಕಿರಿಯ ಬಾಲಕಿಯರ ವಿವಾಹವನ್ನು ನಿಷೇಧಿಸಿದ 1894ರ ಬಾಲ್ಯವಿವಾಹ ನಿಯಂತ್ರಣ ಶಾಸನ ಇದಕ್ಕೆ ಒಂದು ಉದಾಹರಣೆ. 'ತಾತಯ್ಯ' ಎಂದು ಪ್ರಸಿದ್ಧರಾದ ಪತ್ರಕರ್ತ ಮತ್ತು ಶಿಕ್ಷಣತಜ್ಞ ಎಂ. ವೆಂಕಟಕೃಷ್ಣಯ್ಯನವರು ಸಭೆಯಲ್ಲಿ ಸರ್ಕಾರವನ್ನು ನಿರ್ಭಯವಾಗಿ ವಿಮರ್ಶಿಸಿದ ಸದಸ್ಯರಲ್ಲಿ ಪ್ರಮುಖರು.

== ಅಧಿಕಾರದ ಮಿತಿ ==

ಸಭೆಯು ಕೇಳಬಹುದಾಗಿತ್ತು, ತೀರ್ಮಾನಿಸುವಂತಿರಲಿಲ್ಲ. ದಿವಾನರು ಮಹಾರಾಜರಿಗೆ ಹೊಣೆಯಾಗಿದ್ದರೇ ಹೊರತು ಸಭೆಗೆ ಅಲ್ಲ. ಸದಸ್ಯರ ಬೇಡಿಕೆಯನ್ನು ಪರಿಶೀಲಿಸಲಾಗುವುದೆಂದು ಉತ್ತರಿಸಿದರೆ ಸರ್ಕಾರದ ಕರ್ತವ್ಯ ಅಲ್ಲಿಗೆ ಮುಗಿಯುತ್ತಿತ್ತು. ಅದೇ ಅಹವಾಲು ಮರುವರ್ಷ ಮತ್ತೆ ಬಂದರೂ ಅದನ್ನು ಒಪ್ಪಲೇಬೇಕೆಂಬ ಕಟ್ಟಳೆ ಇರಲಿಲ್ಲ.

1907ರಲ್ಲಿ ಶಾಸನ ರಚನೆಯ ಕೆಲಸದಲ್ಲಿ ನೆರವಾಗಲು ಪ್ರತ್ಯೇಕವಾಗಿ ನ್ಯಾಯವಿಧಾಯಕ ಸಭೆ ಸ್ಥಾಪಿತವಾಯಿತು. ಅದರ ಮೊದಲ ಅಧಿವೇಶನ ಜಗನ್ಮೋಹನ ಅರಮನೆಯಲ್ಲಿ ನಡೆಯಿತು. ಹೀಗೆ ಮೈಸೂರಿನಲ್ಲಿ ಎರಡು ಸಭೆಗಳಾದವು. ಸಂಖ್ಯೆಯಲ್ಲಿ ಹಿರಿದಾದ ಪ್ರಜಾಪ್ರತಿನಿಧಿ ಸಭೆಗೆ ಅಧಿಕಾರ ಕಡಿಮೆ, ಕಿರಿದಾದ ನ್ಯಾಯವಿಧಾಯಕ ಸಭೆಗೆ ಶಾಸನದ ಕೆಲಸ ಎಂಬ ವ್ಯವಸ್ಥೆ ಏರ್ಪಟ್ಟಿತು. ದಿವಾನ್ ಎಂ. ವಿಶ್ವೇಶ್ವರಯ್ಯನವರ ಕಾಲದಲ್ಲಿ, 1917ರಿಂದ, ದಸರಾ ಅಧಿವೇಶನದ ಜೊತೆಗೆ ಮಹಾರಾಜರ ವರ್ಧಂತಿಯ ಸಂದರ್ಭದಲ್ಲಿ ಆಯವ್ಯಯದ ಚರ್ಚೆಗಾಗಿ ಎರಡನೆಯ ಅಧಿವೇಶನ ಸೇರತೊಡಗಿತು.

== 1923ರ ಸುಧಾರಣೆ ==

ಮೈಸೂರು ವಿಶ್ವವಿದ್ಯಾನಿಲಯದ ಕುಲಪತಿ ಬ್ರಜೇಂದ್ರನಾಥ ಸೀಲ್ ಅವರ ಅಧ್ಯಕ್ಷತೆಯ ಸಮಿತಿಯ ಶಿಫಾರಸಿನಂತೆ 1923ರಲ್ಲಿ ಸಭೆಗೆ ಶಾಸನದ ಆಧಾರ ದೊರೆಯಿತು. ಅಲ್ಲಿಯವರೆಗೆ ಅದು ಸರ್ಕಾರದ ಆಜ್ಞೆಗಳ ಮೇಲೆ ಮಾತ್ರ ನಿಂತಿತ್ತು. ಮುಖ್ಯ ಬದಲಾವಣೆಗಳು ಇವು:

* ಸದಸ್ಯರ ಸಂಖ್ಯೆಯನ್ನು 250ರಿಂದ 275ರ ಮಿತಿಯಲ್ಲಿ ನಿಗದಿಪಡಿಸಲಾಯಿತು.
* ಮತದಾನಕ್ಕೆ ಬೇಕಾದ ಆಸ್ತಿಯ ಅರ್ಹತೆಯನ್ನು ತಗ್ಗಿಸಲಾಯಿತು.
* ಮಹಿಳೆಯರಿಗೆ ಮತದ ಹಕ್ಕು ದೊರೆಯಿತು.
* ಹೊಸ ತೆರಿಗೆ ವಿಧಿಸುವ ಮುನ್ನ ಮತ್ತು ಸಾಮಾನ್ಯವಾಗಿ ಹೊಸ ಶಾಸನಗಳನ್ನು ತರುವ ಮುನ್ನ ಸಭೆಯ ಅಭಿಪ್ರಾಯ ಪಡೆಯಬೇಕೆಂದು ವಿಧಿಸಲಾಯಿತು.

ಅಭಿಪ್ರಾಯ ಕೇಳುವುದು ಸರ್ಕಾರಕ್ಕೆ ಕಡ್ಡಾಯವಾಯಿತು. ಅದರಂತೆ ನಡೆಯುವುದು ಕಡ್ಡಾಯವಾಗಲಿಲ್ಲ.

== ಜವಾಬ್ದಾರಿ ಸರ್ಕಾರದ ಚಳವಳಿ ==

1930ರ ದಶಕದಲ್ಲಿ ರಾಜಕೀಯದ ಕೇಂದ್ರವು ಸಭಾಭವನದಿಂದ ಹಳ್ಳಿಗಳ ಬಯಲಿಗೆ ಸರಿಯಿತು. 1937ರಲ್ಲಿ ಪ್ರಜಾಸಂಯುಕ್ತ ಪಕ್ಷವು ಕಾಂಗ್ರೆಸ್ಸಿನಲ್ಲಿ ವಿಲೀನವಾದದ್ದು ಚಳವಳಿಗೆ ಗ್ರಾಮೀಣ ಬಲವನ್ನು ತಂದಿತು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಬಳಿಯ ಶಿವಪುರದಲ್ಲಿ ಧ್ವಜ ಸತ್ಯಾಗ್ರಹ ನಡೆಯಿತು. ಅದೇ ತಿಂಗಳ 25ರಂದು, ದೊಡ್ಡಬಳ್ಳಾಪುರಕ್ಕೆ ನೆರೆಯ ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದಲ್ಲಿ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಹಲವರು ಪ್ರಾಣ ಕಳೆದುಕೊಂಡರು. ಅರ್ಧ ಶತಮಾನಕ್ಕೂ ಮಿಕ್ಕಿ ಪ್ರತಿನಿಧಿ ಸಭೆಯನ್ನು ನಡೆಸಿಕೊಂಡು ಬಂದ ಸಂಸ್ಥಾನದಲ್ಲಿ ಇಂತಹ ಘಟನೆ ನಡೆದದ್ದು, ಅಹವಾಲು ಕೇಳುವ ವ್ಯವಸ್ಥೆಯ ಮಿತಿಯನ್ನು ಎಲ್ಲರಿಗೂ ತೋರಿಸಿತು.

ಇದರ ಬಳಿಕ ಕೆ. ಆರ್. ಶ್ರೀನಿವಾಸ ಅಯ್ಯಂಗಾರ್ ಅವರ ಅಧ್ಯಕ್ಷತೆಯ ಸಮಿತಿಯು ವರದಿ ನೀಡಿತು. 1940ರ ಮೈಸೂರು ಸರ್ಕಾರದ ಶಾಸನವು ಪ್ರಜಾಪ್ರತಿನಿಧಿ ಸಭೆಯ ಬಲವನ್ನು 310ಕ್ಕೂ ನ್ಯಾಯವಿಧಾಯಕ ಸಭೆಯ ಬಲವನ್ನು 68ಕ್ಕೂ ಏರಿಸಿತು. ಆದರೂ ಜವಾಬ್ದಾರಿ ಸರ್ಕಾರ ಬರಲಿಲ್ಲ. ದೇಶ ಸ್ವತಂತ್ರವಾದ ಮೇಲೆ, 1947ರ ಸೆಪ್ಟೆಂಬರ್‌ನಲ್ಲಿ 'ಮೈಸೂರು ಚಲೋ' ಚಳವಳಿ ಆರಂಭವಾಯಿತು. ಅಕ್ಟೋಬರ್ ಕೊನೆಯಲ್ಲಿ ಕೆ. ಸಿ. ರೆಡ್ಡಿ ಅವರ ನೇತೃತ್ವದ ಜನತಾ ಸಚಿವ ಸಂಪುಟ ಅಧಿಕಾರ ವಹಿಸಿಕೊಂಡಿತು.

== ವಿಸರ್ಜನೆ ==

1949ರ ನವೆಂಬರ್ 25ರಂದು ಜಯಚಾಮರಾಜೇಂದ್ರ ಒಡೆಯರ್ ಅವರು ಭಾರತದ ಸಂವಿಧಾನವನ್ನು ಮೈಸೂರಿಗೂ ಅಂಗೀಕರಿಸಿ ಘೋಷಣೆ ಹೊರಡಿಸಿದರು. 1949ರ ಡಿಸೆಂಬರ್ 16ರಂದು ಪ್ರಜಾಪ್ರತಿನಿಧಿ ಸಭೆ ಮತ್ತು ನ್ಯಾಯವಿಧಾಯಕ ಸಭೆಗಳೆರಡೂ ವಿಸರ್ಜಿತವಾದವು. ಮೈಸೂರಿನ ಸಂವಿಧಾನ ರಚನಾ ಸಭೆಯು ತಾತ್ಕಾಲಿಕ ವಿಧಾನಸಭೆಯಾಗಿ ಮುಂದುವರಿಯಿತು. ವಯಸ್ಕ ಮತದಾನದಿಂದ ಆರಿಸಿಬಂದ ವಿಧಾನಸಭೆ 1952ರ ಜೂನ್ 18ರಂದು ಮೊದಲ ಬಾರಿಗೆ ಸೇರಿತು.

== ಮಹತ್ವ ==

ಪ್ರಜಾಪ್ರತಿನಿಧಿ ಸಭೆಯನ್ನು ಪ್ರಜಾಪ್ರಭುತ್ವವೆಂದು ಕರೆಯುವುದು ಸರಿಯಾಗದು. ಅದನ್ನು ಕೇವಲ ದರ್ಬಾರಿನ ಅಲಂಕಾರವೆಂದು ತಳ್ಳಿಹಾಕುವುದೂ ನ್ಯಾಯವಲ್ಲ. ಸರ್ಕಾರದ ವೆಚ್ಚವನ್ನು ಪ್ರಶ್ನಿಸುವುದು, ಊರಿನ ಕೊರತೆಯನ್ನು ರಾಜ್ಯದ ಕಡತಕ್ಕೆ ಸೇರಿಸುವುದು, ಪ್ರತಿನಿಧಿಯನ್ನು ಆರಿಸುವುದು ಇವೆಲ್ಲ ಇಲ್ಲಿ ಎರಡು ಮೂರು ತಲೆಮಾರುಗಳಿಗೆ ರೂಢಿಯಾದವು. ಕೇಳಿಸಿಕೊಂಡವರು ಉತ್ತರದಾಯಿಗಳೂ ಆಗಬೇಕೆಂಬ ಬೇಡಿಕೆ ಈ ರೂಢಿಯಿಂದಲೇ ಬೆಳೆಯಿತು.

ಈ ಪ್ರಶ್ನೆ ಇಂದಿಗೂ ಹಳೆಯದಾಗಿಲ್ಲ. 1993ರ ಕರ್ನಾಟಕ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಅಧಿನಿಯಮದ ಅನ್ವಯ ದೊಡ್ಡಬಳ್ಳಾಪುರ ತಾಲ್ಲೂಕಿನ ದೊಡ್ಡಬೆಳವಂಗಲವೂ ಸೇರಿದಂತೆ ರಾಜ್ಯದ ಎಲ್ಲ ಹಳ್ಳಿಗಳ ಮತದಾರರು ಗ್ರಾಮಸಭೆಯ ಸದಸ್ಯರು. 1881ರಲ್ಲಿ ಇಡೀ ತಾಲ್ಲೂಕಿಗೆ ಕೆಲವೇ ಜನರಿಗೆ ಮಾತ್ರ ಮೀಸಲಾಗಿದ್ದ ಮಾತಿನ ಅವಕಾಶ ಈಗ ಪ್ರತಿಯೊಬ್ಬ ಮತದಾರನಿಗೂ ಮತದಾರಳಿಗೂ ಇದೆ. ಸಭೆಯಲ್ಲಿ ಹೇಳಿದ ಮಾತು ಕಾರ್ಯರೂಪಕ್ಕೆ ಬರುವುದೇ ಎಂಬುದು ಮಾತ್ರ ಅಂದಿನಂತೆ ಇಂದೂ ಅದರ ನಿಜವಾದ ಒರೆಗಲ್ಲು.