ಹದಿನೆಂಟು ತುಂಬದವರ ಆನ್‌ಲೈನ್ ವ್ಯಾಪಾರ: ತೀರ್ಥಹಳ್ಳಿ ಸೀಮೆಯನ್ನು ಮುಂದಿಟ್ಟು ಒಂದು ವಿಚಾರ

ಆನ್‌ಲೈನ್ ಮಾರುಕಟ್ಟೆಗಳು ಖಾತೆ ತೆರೆಯುವವರ ಮುಂದಿಡುವ ಮೊದಲ ಷರತ್ತುಗಳಲ್ಲಿ ವಯಸ್ಸಿನದೂ ಒಂದು. ಹದಿನೆಂಟು ತುಂಬಿರಬೇಕು, ಇಲ್ಲವೇ ಪೋಷಕರ ಮೂಲಕ ವ್ಯವಹರಿಸಬೇಕು. ಇದರಿಂದಾಗಿ, ಮಕ್ಕಳು ಕೊಳ್ಳುವುದನ್ನೂ ಮಾರುವುದನ್ನೂ ಕಾನೂನೇ ನಿಷೇಧಿಸಿದೆ ಎಂಬ ತಿಳಿವಳಿಕೆ ಬೆಳೆದಿದೆ. ಕಾನೂನು ಮಗುವನ್ನು ಕರಾರಿನ ಹೊಣೆಯಿಂದ ಕಾಪಾಡುತ್ತದೆಯೇ ಹೊರತು ವ್ಯಾಪಾರದಿಂದ ಹೊರಗಿಡುವುದಿಲ್ಲ ಎಂಬುದು ಈ ಲೇಖನದ ವಾದ.

೧೮೭೨ರ ಭಾರತೀಯ ಕರಾರು ಕಾಯ್ದೆಯ ೧೧ನೇ ಕಲಂ ಪ್ರಕಾರ ಕರಾರು ಮಾಡಲು ಪ್ರಾಪ್ತ ವಯಸ್ಸಾಗಿರಬೇಕು. ಆದರೆ ಅಪ್ರಾಪ್ತರು ಮಾಡಿಕೊಂಡ ಕರಾರಿನ ಗತಿಯೇನು ಎಂಬುದನ್ನು ಕಾಯ್ದೆ ಬಿಡಿಸಿ ಹೇಳಿರಲಿಲ್ಲ. ೧೮೯೫ರಲ್ಲಿ ಕಲ್ಕತ್ತದ ಧರ್ಮೋದಾಸ್ ಘೋಷ್ ಇನ್ನೂ ಅಪ್ರಾಪ್ತನಾಗಿದ್ದಾಗಲೇ ೨೦,೦೦೦ ರೂಪಾಯಿ ಸಾಲಕ್ಕೆ ಆಸ್ತಿಯನ್ನು ಅಡಮಾನ ಬರೆದುಕೊಟ್ಟ. ಅವನಿಗೆ ವಯಸ್ಸಾಗಿಲ್ಲವೆಂಬುದು ಸಾಲಿಗನ ಪರವಾಗಿ ವ್ಯವಹರಿಸಿದ ವಕೀಲನಿಗೆ ಗೊತ್ತಿತ್ತು. ೧೯೦೩ರಲ್ಲಿ ಮೋಹೊರಿ ಬೀಬಿ ಪ್ರಕರಣವೆಂದು ಹೆಸರಾದ ತೀರ್ಪಿನಲ್ಲಿ ಪ್ರಿವಿ ಕೌನ್ಸಿಲ್ ಆ ಪತ್ರ ಮೊದಲಿನಿಂದಲೇ ಶೂನ್ಯವೆಂದಿತು. ಕೊಟ್ಟ ಹಣವನ್ನೂ ವಾಪಸು ಕೊಡಿಸಲಿಲ್ಲ. ಇದು ನಾಣ್ಯದ ಒಂದು ಮುಖ ಮಾತ್ರ. ೧೯೧೬ರಲ್ಲಿ ಮದ್ರಾಸ್ ಹೈಕೋರ್ಟಿನ ಪೂರ್ಣಪೀಠ ರಾಘವಾಚಾರಿಯಾರ್ ಪ್ರಕರಣದಲ್ಲಿ, ಅಪ್ರಾಪ್ತನು ತನ್ನ ಕಡೆಯಿಂದ ಹಣವನ್ನು ಆಗಲೇ ಕೊಟ್ಟಿದ್ದರೆ ಅವನ ಹೆಸರಿಗೆ ಬರೆದ ಅಡಮಾನ ಊರ್ಜಿತವೆಂದು ಹೇಳಿತು. ಈ ತರ್ಕವನ್ನು ಮುಂದುವರಿಸಿದರೆ, ಉಪ್ಪಿನಕಾಯಿಯ ಭರಣಿ ಕಳಿಸಿಕೊಟ್ಟ ಹದಿನೇಳರ ಹುಡುಗಿ ಅದರ ಬೆಲೆಯನ್ನು ಕೇಳಿ ಪಡೆಯಬಹುದು. ಕಳಿಸುತ್ತೇನೆಂದು ಒಪ್ಪಿ ಕಳಿಸದಿದ್ದರೆ ಮಾತ್ರ ಅವಳನ್ನು ಕಟ್ಟಿಹಾಕಲಾಗದು. ನಷ್ಟದ ಭಯ ಇರುವುದು ಎದುರು ಪಕ್ಷಕ್ಕೆ. ವಯಸ್ಸಿನ ಷರತ್ತನ್ನು ಕಂಪನಿಗಳು ಬಿಗಿಯಾಗಿ ಹಿಡಿದಿರುವುದಕ್ಕೆ ಮುಖ್ಯ ಕಾರಣ ಇದೇ ಎಂದು ನನಗನ್ನಿಸುತ್ತದೆ.

ತೀರ್ಥಹಳ್ಳಿ ಸುತ್ತಿನ ಮಲೆನಾಡಿನಲ್ಲಿ ಮಕ್ಕಳ ವ್ಯಾಪಾರ ಹೊಸತೇನಲ್ಲ. ಸರ್ಕಾರಿ ಶಾಲೆಗಳ ಮಕ್ಕಳ ಸಂತೆಯಲ್ಲಿ ಐದನೇ ತರಗತಿಯ ಮಗು ಗೋಣಿತಾಟು ಹಾಸಿ ಬಸಳೆ ಕಟ್ಟು, ಕೆಸುವಿನ ಸೊಪ್ಪು, ಬಾಳೆಕಾಯಿ, ಚಕ್ಕೋತ ಹರಡಿಕೊಂಡು ಕೂರುತ್ತದೆ. ದರ ಕೂಗುತ್ತದೆ, ಚೌಕಾಶಿಗೆ ಜಗ್ಗುವುದಿಲ್ಲ, ಚಿಲ್ಲರೆ ಎಣಿಸಿ ಕೊಡುತ್ತದೆ. ಇದನ್ನು ನಾವು ಕಲಿಕೆ ಎನ್ನುತ್ತೇವೆ, ಸರಿಯಾಗಿಯೇ ಹೇಳುತ್ತೇವೆ. ಅಪಾಯಕಾರಿಯಲ್ಲದ ಮನೆಯ ಉದ್ಯಮದಲ್ಲಿ ಶಾಲೆ ಬಿಟ್ಟ ಮೇಲೆ ಮತ್ತು ರಜೆಯಲ್ಲಿ ಮಗು ಕೈಜೋಡಿಸುವುದಕ್ಕೆ ಬಾಲಕಾರ್ಮಿಕ ಕಾಯ್ದೆಯ ೨೦೧೬ರ ತಿದ್ದುಪಡಿಯೂ ಅವಕಾಶ ಕೊಡುತ್ತದೆ. ಈ ಅವಕಾಶ ದುರ್ಬಳಕೆಯಾಗಬಲ್ಲದು ಎಂಬ ಆತಂಕ ನನಗೂ ಇದೆ; ಓದು ಬಿಡಿಸುವ ದುಡಿಮೆಗೆ ಇಲ್ಲಿ ಸಮರ್ಥನೆಯಿಲ್ಲ.

ಆನ್‌ಲೈನಿಗೆ ಬಂದರೆ ಚಿತ್ರ ಬೇರೆ. ಅಪ್ಪೆಮಿಡಿ ಉಪ್ಪಿನಕಾಯಿಗೋ ಜೇನುತುಪ್ಪಕ್ಕೋ ಖಾತೆ ಅಮ್ಮನ ಹೆಸರಿನಲ್ಲಿ. ಫೋಟೊ ತೆಗೆಯುವುದು, ವಿವರ ಬರೆಯುವುದು, ಗಿರಾಕಿಗೆ ಉತ್ತರ ಕೊಡುವುದು ಪಿಯುಸಿ ಓದುವ ಮಗಳು. ಒಟಿಪಿ ಬರುವುದು ಅಮ್ಮನ ಮೊಬೈಲಿಗೆ, ಆ ಮೊಬೈಲ್ ಇರುವುದು ಮಗಳ ಕೈಯಲ್ಲಿ. ‘ಇದೆಂಥದು ಬಂತು ನೋಡೇ’ ಎಂದು ಅಮ್ಮ ಕೇಳುತ್ತಾಳೆ, ಮಗಳು ಓದಿ ಒತ್ತುತ್ತಾಳೆ. ೨೦೨೩ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯ ೯ನೇ ಕಲಂ ಹದಿನೆಂಟರೊಳಗಿನವರ ಮಾಹಿತಿ ಬಳಸಲು ಪೋಷಕರ ಪರಿಶೀಲಿಸಬಹುದಾದ ಒಪ್ಪಿಗೆ ಬೇಕೆನ್ನುತ್ತದೆ, ಮಕ್ಕಳ ಬೆನ್ನುಹತ್ತುವ ಜಾಹೀರಾತನ್ನು ತಡೆಯುತ್ತದೆ. ಉದ್ದೇಶ ಒಳ್ಳೆಯದು. ಆದರೆ ಪೋಷಕರ ಪರವಾಗಿ ಮಗುವೇ ಪರದೆಯನ್ನು ಓದಿ ಹೇಳುವ ಮನೆಯಲ್ಲಿ ಆ ಒಪ್ಪಿಗೆ ಯಾರದು? ಅಮ್ಮನ ಖಾತೆಯ ಮರೆಯಲ್ಲಿರುವ ಮಗಳಿಗೆ ಈ ಕಾಯ್ದೆಯ ರಕ್ಷಣೆಯೂ ಸಿಗದು, ಏಕೆಂದರೆ ದಾಖಲೆಯಲ್ಲಿ ಅವಳು ಇಲ್ಲವೇ ಇಲ್ಲ.

ಮಗುವಿನ ಹೆಸರನ್ನೂ ಹಿರಿಯರ ಹೊಣೆಯನ್ನೂ ಒಟ್ಟಿಗೆ ದಾಖಲಿಸುವ ಕ್ರಮ ಇದೇ ಸೀಮೆಯ ಕಂದಾಯ ಕಡತದಲ್ಲಿದೆ. ತಂದೆ ತೀರಿಕೊಂಡು ಅಡಿಕೆ ತೋಟ ಚಿಕ್ಕ ಮಗನ ಹೆಸರಿಗೆ ಬಂದಾಗ ಪಹಣಿಯಲ್ಲಿ ಮಗನ ಹೆಸರು, ಅದರ ಜೊತೆಗೆ ಮೈನರ್ ಗಾರ್ಡಿಯನ್ ಎಂದು ತಾಯಿಯ ಹೆಸರು ಬರುತ್ತದೆ. ಫಸಲನ್ನು ತಾಯಿ ಸುಲಿಸಿ, ಬೇಯಿಸಿ, ಒಣಗಿಸಿ ೧೯೩೯ರಲ್ಲಿ ಹುಟ್ಟಿದ ಅಡಿಕೆ ಮಾರಾಟ ಸಹಕಾರ ಸಂಘ ಮಾಮ್‌ಕೋಸ್‌ಗೋ ಮಂಡಿಗೋ ಹಾಕುತ್ತಾಳೆ. ತೋಟವನ್ನೇ ಮಾರಬೇಕಾದರೆ ಮಾತ್ರ ೧೯೫೬ರ ಹಿಂದೂ ಅಪ್ರಾಪ್ತ ವಯಸ್ಕತೆ ಮತ್ತು ಪೋಷಕತ್ವ ಕಾಯ್ದೆಯ ೮ನೇ ಕಲಂ ಪ್ರಕಾರ ನ್ಯಾಯಾಲಯದ ಅನುಮತಿ ಬೇಕು. (ಅವಿಭಕ್ತ ಕುಟುಂಬದ ಪಾಲಿಗೆ ಬೇರೆ ನಿಯಮವಿದೆ.) ದಿನನಿತ್ಯದ ಮಾರಾಟಕ್ಕೆ ಸಡಿಲ, ಬದುಕಿನ ಬುಡಕ್ಕೆ ಕೈಹಾಕುವಾಗ ಬಿಗಿ. ಆನ್‌ಲೈನ್ ನಿಯಮದಲ್ಲಿ ಕಾಣದಿರುವುದು ಈ ವಿವೇಚನೆ.

ಇಂಥ ವಿವೇಚನೆ ಹಣಕಾಸಿನ ಬೇರೆ ನಿಯಮಗಳಲ್ಲಿ ಆಗಲೇ ಕಾಣುತ್ತದೆ. ಹತ್ತು ತುಂಬಿದ ಮಕ್ಕಳು ಉಳಿತಾಯ ಖಾತೆಯನ್ನು ತಾವೇ ನಡೆಸಲು ಬ್ಯಾಂಕುಗಳು ಅವಕಾಶ ಕೊಡಬಹುದೆಂದು ರಿಸರ್ವ್ ಬ್ಯಾಂಕ್ ೨೦೧೪ರಲ್ಲಿ ಹೇಳಿ, ೨೦೨೫ರ ಏಪ್ರಿಲ್‌ನಲ್ಲಿ ಪರಿಷ್ಕರಿಸಿತು. ಆ ಖಾತೆಯಲ್ಲಿ ಇರುವುದಕ್ಕಿಂತ ಹೆಚ್ಚು ಹಣ ತೆಗೆಯುವಂತಿಲ್ಲ. ೧೯೬೧ರ ಆದಾಯ ತೆರಿಗೆ ಕಾಯ್ದೆಯ ೬೪(೧ಎ) ಕಲಂ ಮಗುವಿನ ಆದಾಯವನ್ನು ತಂದೆ ಅಥವಾ ತಾಯಿಯ ಆದಾಯಕ್ಕೆ ಸೇರಿಸಿದರೂ, ಮಗು ತನ್ನ ಕೈದುಡಿಮೆಯಿಂದ ಅಥವಾ ಕೌಶಲದಿಂದ ಗಳಿಸಿದ್ದನ್ನು ಹೊರಗಿಟ್ಟಿತು. ಇವೆರಡನ್ನೂ ಪಹಣಿಯ ಕ್ರಮವನ್ನೂ ಜೋಡಿಸಿದರೆ ಮಾರಾಟಗಾರರ ಖಾತೆಯ ರೂಪವೂ ಸಿಗುತ್ತದೆ: ಕರಾರಿನ ಹೊಣೆ ತಾಯಿಯದು, ದಾಖಲೆಯಲ್ಲಿ ಮಗಳ ಹೆಸರೂ ವಯಸ್ಸೂ ಇರಬೇಕು, ಸಾಲ ಮತ್ತು ಕಂತಿನ ಸೌಲಭ್ಯ ಆ ಖಾತೆಗೆ ಇರಬಾರದು, ಮಾರಾಟದಲ್ಲಿ ಮಗಳ ಪಾಲು ನೇರವಾಗಿ ಅವಳ ಉಳಿತಾಯ ಖಾತೆಗೆ ಜಮೆಯಾಗಬೇಕು.