ಏಣಾಕ್ಷಿ ರಾಮರಾವ್: ಮೂಕಿ ಪರದೆಯ ಮುಮ್ತಾಝ್ ಮಹಲ್

ತಾಜ್ ಮಹಲ್ ಕಥೆಯ ಸಿನಿಮಾ ಎಂದರೆ ಹೆಚ್ಚಿನವರಿಗೆ ನೆನಪಾಗುವುದು ಹಿಂದಿಯ ಬಣ್ಣದ ಚಿತ್ರ ಮತ್ತು ಅದರ ಹಾಡುಗಳು. ಆದರೆ ಮಾತೂ ಹಾಡೂ ಇಲ್ಲದ 1928ರಲ್ಲೇ ತೆರೆಯ ಮೇಲೆ ಮುಮ್ತಾಝ್ ಆಗಿದ್ದವರು ಏಣಾಕ್ಷಿ ರಾಮರಾವ್. ಇವತ್ತು ಆ ಹೆಸರು ಗೊತ್ತಿರೋದು ಸಿನಿಮಾ ಇತಿಹಾಸ ಓದುವ ಕೆಲವರಿಗೆ ಮಾತ್ರ.

ಆ ಚಿತ್ರದ ಹೆಸರು 'ಶಿರಾಝ್'. ನಿರಂಜನ್ ಪಾಲ್ ಅವರ ನಾಟಕವನ್ನು ಆಧರಿಸಿ ಜರ್ಮನಿಯ ಫ್ರಾಂಝ್ ಓಸ್ಟನ್ ಇದನ್ನು ನಿರ್ದೇಶಿಸಿದರು. ಹಿಮಾಂಶು ರಾಯ್ ಜತೆ ಬ್ರಿಟನ್ ಮತ್ತು ಜರ್ಮನಿಯ ಕಂಪೆನಿಗಳು ಸೇರಿ ನಿರ್ಮಿಸಿದ ಚಿತ್ರವಿದು. ಕುಂಬಾರನ ಮನೆಯಲ್ಲಿ ಬೆಳೆದ ಸಲೀಮಾಳನ್ನು ಗುಲಾಮರ ವ್ಯಾಪಾರಿಗಳು ಹೊತ್ತೊಯ್ದು ರಾಜಕುಮಾರ ಖುರ್ರಮ್‌ಗೆ ಮಾರುತ್ತಾರೆ. ಅವಳನ್ನು ಪ್ರೀತಿಸುವ ಕುಂಬಾರನ ಮಗ ಶಿರಾಝ್ ಹುಡುಕಿಕೊಂಡು ಬರುತ್ತಾನೆ. ಕೊನೆಗೆ ಅವಳ ಗೋರಿಯ ವಿನ್ಯಾಸ ಮಾಡುವವನೂ ಅವನೇ. ಏಣಾಕ್ಷಿ ಸಲೀಮಾ ಆಗಿ, ಚಾರು ರಾಯ್ ಶಾಹಜಹಾನ್ ಆಗಿ, ಹಿಮಾಂಶು ರಾಯ್ ಶಿರಾಝ್ ಆಗಿ ನಟಿಸಿದರು.

ಇದು ಇತಿಹಾಸ ಅಲ್ಲ, ಕಟ್ಟುಕಥೆ. ನಿಜವಾದ ಮುಮ್ತಾಝ್ ಅಂದರೆ ಆಸಫ್ ಖಾನ್‌ರ ಮಗಳು ಅರ್ಜುಮಂದ್ ಬಾನು ಬೇಗಂ. 1612ರಲ್ಲಿ ಖುರ್ರಮ್ ಜತೆ ನಿಕಾಹ್ ಆಗಿ, 1631ರಲ್ಲಿ ಬುರ್ಹಾನ್‌ಪುರದಲ್ಲಿ ತೀರಿಕೊಂಡರು. ತಾಜ್‌ನ ಮುಖ್ಯ ವಾಸ್ತುಶಿಲ್ಪಿ ಎಂದು ಸಾಮಾನ್ಯವಾಗಿ ಹೇಳುವುದು ಉಸ್ತಾದ್ ಅಹ್ಮದ್ ಲಾಹೋರಿಯವರ ಹೆಸರನ್ನು.

ಹೆಣ್ಣುಮಕ್ಕಳು ಕ್ಯಾಮೆರಾ ಮುಂದೆ ನಿಲ್ಲುವುದು ಆಗ ಸಣ್ಣ ಮಾತಾಗಿರಲಿಲ್ಲ. 1913ರ 'ರಾಜಾ ಹರಿಶ್ಚಂದ್ರ'ದಲ್ಲಿ ರಾಣಿಯ ಪಾತ್ರವನ್ನೂ ಗಂಡಸೇ ಮಾಡಬೇಕಾಯ್ತು. ಫಾತ್ಮಾ ಬೇಗಂ 1926ರಲ್ಲಿ ಚಿತ್ರ ನಿರ್ದೇಶಿಸಿದ್ದು, ಅದರ ಬೆನ್ನಿಗೇ ಏಣಾಕ್ಷಿಯಂಥವರು ಬಂದದ್ದು ಆ ಗೋಡೆ ಒಡೆದ ಹೆಜ್ಜೆಗಳು.

ಕನ್ನಡದವರಿಗೆ ಏಣಾಕ್ಷಿ ಇನ್ನೂ ಹತ್ತಿರದವರು. ಶೂದ್ರಕನ 'ಮೃಚ್ಛಕಟಿಕ'ವನ್ನು ಆಧರಿಸಿ ಮೋಹನ್ ಭವನಾನಿ 1930ರ ಹೊತ್ತಿಗೆ ತೆಗೆದ 'ವಸಂತಸೇನಾ' ಮೂಕಿ ಚಿತ್ರದ ನಾಯಕಿ ಇವರೇ. ಟಿ.ಪಿ. ಕೈಲಾಸಂ ಅದರಲ್ಲಿ ನಟಿಸಿದ್ದರು. ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯ ಕೂಡ ಇದ್ದರು. ಸ್ವಾತಂತ್ರ್ಯ ಹೋರಾಟಗಾರ್ತಿ, ಕರಕುಶಲ ಕಲೆಗಳ ರಕ್ಷಕಿ ಎಂದು ನಾವು ಬಲ್ಲ ಕಮಲಾದೇವಿ ಸಿನಿಮಾ ನಟಿಯೂ ಹೌದು ಎಂಬುದು ನಮ್ಮೂರಲ್ಲೇ ಎಷ್ಟೋ ಜನರಿಗೆ ಗೊತ್ತಿಲ್ಲ.

ಏಣಾಕ್ಷಿ ಮುಂದೆ ಭವನಾನಿಯವರನ್ನೇ ಮದುವೆಯಾಗಿ ಏಣಾಕ್ಷಿ ಭವನಾನಿ ಆದರು. ಭವನಾನಿ ಪ್ರೇಮಚಂದ್ ಕಥೆ ಬರೆದ 1934ರ 'ಮಿಲ್' ಚಿತ್ರದ ನಿರ್ದೇಶಕರು. ಏಣಾಕ್ಷಿ ನೃತ್ಯ ಮತ್ತು ಜಾನಪದ ವಿನ್ಯಾಸಗಳ ಬಗ್ಗೆ ಬರೆದರು. ಭಾರತೀಯ ನೃತ್ಯದ ಕುರಿತ ಅವರ ಇಂಗ್ಲಿಷ್ ಪುಸ್ತಕ 1965ರಲ್ಲಿ ಬಂತು. ಆ ಪುಸ್ತಕ ಓದಿದ ಎಷ್ಟು ಮಂದಿಗೆ ಲೇಖಕಿಯೇ ಒಂದು ಕಾಲದ ಮುಮ್ತಾಝ್ ಅನ್ನೋದು ಹೊಳೆದಿರಬಹುದು?

ಮೂಕಿ ಯುಗದಲ್ಲಿ ಭಾರತದಲ್ಲಿ ಸಾವಿರಕ್ಕೂ ಹೆಚ್ಚು ಚಿತ್ರಗಳು ತಯಾರಾದರೂ ಉಳಿದದ್ದು ಬೆರಳೆಣಿಕೆಯಷ್ಟು. ನೈಟ್ರೇಟ್ ರೀಲುಗಳು ಬೇಗ ಬೆಂಕಿ ಹಿಡಿಯುತ್ತಿದ್ದವು, ಕಾಲ ಕಳೆದಂತೆ ಪುಡಿಯಾಗುತ್ತಿದ್ದವು. ಬೆಳ್ಳಿಯ ಅಂಶಕ್ಕಾಗಿ ಕರಗಿಸಿದವರೂ ಇದ್ದರು. 'ಶಿರಾಝ್' ಮಾತ್ರ ಬದುಕಿತು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅದನ್ನು ಸರಿಪಡಿಸಿ, ಅನೌಷ್ಕಾ ಶಂಕರ್ ಅವರ ಹೊಸ ಸಂಗೀತದೊಂದಿಗೆ 2017ರಲ್ಲಿ ಲಂಡನ್‌ನಲ್ಲೂ ಭಾರತದ ಕೆಲವು ನಗರಗಳಲ್ಲೂ ತೋರಿಸಿತು. ಸುಮಾರು 90 ವರ್ಷಗಳ ಬಳಿಕ ಏಣಾಕ್ಷಿಯ ಮುಖ ಮತ್ತೆ ಪರದೆಗೆ ಬಂತು.