ಅರವತ್ತೊಂದರಲ್ಲಿ ಮೂವತ್ತೊಂದು

1946ರ ಜನವರಿ 12ರಂದು ಬ್ರಿಟಿಷ್ ಸರ್ಕಾರ ಸುಗ್ರೀವಾಜ್ಞೆ ಹೊರಡಿಸಿ 500, 1,000 ಮತ್ತು 10,000 ರೂಪಾಯಿಯ ನೋಟುಗಳನ್ನು ರದ್ದು ಮಾಡಿತು. ಯುದ್ಧಕಾಲದ ಕಾಳಸಂತೆಯ ದುಡ್ಡು ಹೊರಬರಲಿ ಎಂಬುದು ಲೆಕ್ಕಾಚಾರ. ಆಗ ಮೆಹ್ತಾ ಪಾರಿಖ್ ಎಂಬ ಪಾಲುದಾರಿಕೆ ಸಂಸ್ಥೆ ಸಾವಿರದ 61 ನೋಟುಗಳನ್ನು ಬ್ಯಾಂಕಿಗೆ ಕೊಟ್ಟು ಬದಲಾಯಿಸಿಕೊಂಡಿತು. ಅಷ್ಟು ನಗದು ಕೈಯಲ್ಲಿತ್ತೆಂದು ಅದರ ಲೆಕ್ಕಪುಸ್ತಕ ಹೇಳುತ್ತಿತ್ತು. ತಾವು ಸಾವಿರದ ನೋಟುಗಳಲ್ಲೇ ಹಣ ಕೊಟ್ಟಿದ್ದೆವೆಂದು ಕೆಲವರು ಪ್ರಮಾಣಪತ್ರವನ್ನೂ ಸಲ್ಲಿಸಿದರು. ಆದಾಯ ತೆರಿಗೆ ಅಧಿಕಾರಿ ಒಪ್ಪಲಿಲ್ಲ. 61,000 ರೂಪಾಯಿಯನ್ನೂ ಬಚ್ಚಿಟ್ಟ ಆದಾಯವೆಂದರು. ಮೊದಲ ಮೇಲ್ಮನವಿಯೂ ಬಿದ್ದುಹೋಯಿತು.

ಪ್ರಕರಣ 1941ರಲ್ಲಿ ಶುರುವಾದ ಆದಾಯ ತೆರಿಗೆ ಮೇಲ್ಮನವಿ ನ್ಯಾಯಮಂಡಳಿಯ ಮುಂದೆ ಬಂತು. ಮಂಡಳಿ ಕರುಣೆ ತೋರಿತು. 31 ನೋಟುಗಳು ವ್ಯಾಪಾರದಿಂದ ಬಂದಿರಬಹುದು, ಉಳಿದ 30 ಬಂದಿರಲಾರವು ಎಂದು ತೀರ್ಮಾನಿಸಿತು. 31 ಏಕೆ? 40 ಏಕಲ್ಲ? ಉತ್ತರವಿಲ್ಲ. ಊರ ಪಂಚಾಯ್ತಿಯಲ್ಲಿ ‘ನಿನಗರ್ಧ, ಅವನಿಗರ್ಧ’ ಎಂದು ಜಗಳ ಮುಗಿಸುವ ರೀತಿ ಇದು. ಅಲ್ಲಿ ಇಬ್ಬರೂ ನಕ್ಕು ಮನೆಗೆ ಹೋಗಬಹುದು, ತೆರಿಗೆಯಲ್ಲಿ ಹಾಗಾಗದು. ಬಾಂಬೆ ಹೈಕೋರ್ಟಿನಲ್ಲೂ ಸಂಸ್ಥೆಗೆ ಸೋಲಾಯಿತು.

ಮಂಡಳಿ ವಾಸ್ತವಾಂಶಗಳ ಬಗ್ಗೆ ಹೇಳಿದ್ದೇ ಅಂತಿಮ; ನ್ಯಾಯಾಲಯಗಳು ನೋಡಬಹುದಾದದ್ದು ಕಾನೂನಿನ ಪ್ರಶ್ನೆಯನ್ನು ಮಾತ್ರ. 1956ರಲ್ಲಿ ಸುಪ್ರೀಂ ಕೋರ್ಟ್ ಈ ಬೇಲಿಯಲ್ಲೇ ಒಂದು ಕಂಡಿ ಹುಡುಕಿತು. ಆಧಾರವಿಲ್ಲದ ತೀರ್ಮಾನ ಬರೀ ಊಹೆ, ಹಾಗೆ ತೀರ್ಮಾನಿಸುವುದೇ ಕಾನೂನಿನ ತಪ್ಪು. ಪ್ರಮಾಣಪತ್ರ ಕೊಟ್ಟವರನ್ನು ಯಾರೂ ಪಾಟೀಸವಾಲಿಗೆ ಕರೆದಿರಲಿಲ್ಲ. ಹಾಗಿರುವಾಗ ಅವರ ಮಾತನ್ನು ತಳ್ಳಿಹಾಕುವುದೆಂತು? ಉಳಿದಿದ್ದ 30,000 ರೂಪಾಯಿಯೂ ಬಿಟ್ಟುಹೋಯಿತು. ನನಗೆ ಮುಖ್ಯವೆನಿಸುವುದು ಇದು: ನ್ಯಾಯಾಲಯ ಕಿತ್ತುಹಾಕಿದ್ದು ಕ್ರೂರ ಆದೇಶವನ್ನಲ್ಲ, ಅರ್ಧ ದಯೆಯ ಆದೇಶವನ್ನು. ಕಾರಣ ಹೇಳದ ದಯೆಯನ್ನು ಪರೀಕ್ಷಿಸಲು ಯಾರಿಗೂ ಸಾಧ್ಯವಿಲ್ಲ.

1961ರ ಆದಾಯ ತೆರಿಗೆ ಕಾಯ್ದೆಯ 250(6)ನೇ ಸೆಕ್ಷನ್ ಮೊದಲ ಮೇಲ್ಮನವಿಯ ಆದೇಶದಲ್ಲಿ ತೀರ್ಮಾನಿಸಬೇಕಾದ ಅಂಶ, ತೀರ್ಮಾನ, ಅದಕ್ಕೆ ಕಾರಣ ಮೂರನ್ನೂ ಬರೆಯಬೇಕೆಂದಿತು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆ ಮೇಲ್ಮನವಿ ನ್ಯಾಯಾಲಯಗಳಿಗೆ ಹೇಳಿದ್ದೂ ಬಹುತೇಕ ಇದನ್ನೇ. ವಿಚಿತ್ರವೆಂದರೆ ನ್ಯಾಯಮಂಡಳಿಗೆ ಸಂಬಂಧಿಸಿದ 254ನೇ ಸೆಕ್ಷನ್‌ನಲ್ಲಿ ‘ಕಾರಣ’ ಎಂಬ ಪದವಿಲ್ಲ. ಎರಡೂ ಕಡೆಯವರನ್ನು ಕೇಳಿ, ಯುಕ್ತವೆನಿಸಿದ ಆದೇಶ ಮಾಡಬಹುದು, ಅಷ್ಟೆ. ಆ ಕೊರತೆ ತುಂಬಿದ್ದು ನ್ಯಾಯಾಲಯಗಳು.

ಮೆಹ್ತಾ ಪಾರಿಖ್ ತೀರ್ಪು ಬರೆದವರಲ್ಲಿ ನ್ಯಾಯಮೂರ್ತಿ ಎನ್.ಎಚ್. ಭಗವತಿ ಒಬ್ಬರು. ಇಪ್ಪತ್ತು ವರ್ಷದ ಬಳಿಕ, 1976ರಲ್ಲಿ, ಅವರ ಮಗ ಪಿ.ಎನ್. ಭಗವತಿ ಸೀಮೆನ್ಸ್ ಕಂಪನಿಯ ಆಮದು ಸುಂಕದ ಪ್ರಕರಣದಲ್ಲಿ, ಕಾರಣ ಕೊಡುವುದು ಅಹವಾಲು ಕೇಳುವಷ್ಟೇ ಮೂಲಭೂತ ನಿಯಮವೆಂದು ಬರೆದರು. ಆಗ ತುರ್ತುಪರಿಸ್ಥಿತಿ. ಬಂಧನದ ಕಾರಣ ಗೋಪ್ಯವೆಂದು ಮೀಸಾ ಕಾಯ್ದೆ ಹೇಳುತ್ತಿತ್ತು. ಅದೇ ವರ್ಷ ಹೇಬಿಯಸ್ ಕಾರ್ಪಸ್ ಪ್ರಕರಣದಲ್ಲಿ, ಬಂಧನವನ್ನು ಪ್ರಶ್ನಿಸಿ ಹೈಕೋರ್ಟಿಗೆ ಹೋಗುವ ಹಕ್ಕು ಬಂಧಿತನಿಗಿಲ್ಲವೆಂದ ಬಹುಮತದಲ್ಲಿ ಇದೇ ಪಿ.ಎನ್. ಭಗವತಿ ಇದ್ದರು. ಸುಂಕ ಕಟ್ಟುವ ಕಂಪನಿಗೆ ಕಾರಣ ಸಿಕ್ಕಿತು.